ಮೂಕಿ ಚಿತ್ರಕ್ಕೆ ಅಂತಃಸಾಕ್ಷಿ ತಂದ ವಿಕ್ಟರ್ ಶೋಸ್ಟ್ರೋಮ್

ಸ್ವೀಡನ್ನಿನ ಸಿನಿಮಾ ಎಂದೊಡನೆ ಚಿತ್ರರಸಿಕರಿಗೆ ಮೊದಲು ನೆನಪಾಗುವ ಹೆಸರು ಇಂಗ್ಮಾರ್ ಬರ್ಗ್‌ಮನ್. ಆ ಬರ್ಗ್‌ಮನ್ ಅವರೇ ತಮ್ಮ ಗುರುಸ್ಥಾನದಲ್ಲಿರಿಸಿ ಗೌರವಿಸಿದ ನಿರ್ದೇಶಕರು ವಿಕ್ಟರ್ ಶೋಸ್ಟ್ರೋಮ್. ಚಲನಚಿತ್ರಕ್ಕೆ ಇನ್ನೂ ಮಾತು ಬಾರದಿದ್ದ ಕಾಲದಲ್ಲಿ ನಿರ್ದೇಶಕರಾಗಿ, ಚಿತ್ರಕಥೆಗಾರರಾಗಿ, ನಟರಾಗಿ ದುಡಿದ ಶೋಸ್ಟ್ರೋಮ್, 1912ರಿಂದ 1923ರವರೆಗಿನ ಹನ್ನೊಂದು ವರ್ಷಗಳಲ್ಲಿ ನಲವತ್ತಕ್ಕೂ ಹೆಚ್ಚು ಚಿತ್ರಗಳನ್ನು ಸ್ವದೇಶದಲ್ಲಿ ನಿರ್ದೇಶಿಸಿದರು. ಅನಂತರ ಹಾಲಿವುಡ್‌ಗೆ ತೆರಳಿ ಅಲ್ಲಿಯೂ ಅಗ್ರಪಂಕ್ತಿಯ ನಿರ್ದೇಶಕರೆನಿಸಿಕೊಂಡರು.

ಅವರು ಚಿತ್ರರಂಗಕ್ಕೆ ಕಾಲಿಟ್ಟಾಗ ಸಿನಿಮಾ ಎಂಬುದು ಬಹುಮಟ್ಟಿಗೆ ಜಾತ್ರೆಯ ಮನರಂಜನೆಯಾಗಿತ್ತು. ಓಡಾಟ, ಹೊಡೆದಾಟ, ಪ್ರಣಯ, ಅಪಘಾತಗಳೇ ಅದರ ಬಂಡವಾಳ. ಮನುಷ್ಯನ ಮನಸ್ಸಿನೊಳಗೆ ನಡೆಯುವುದನ್ನು ಕಾದಂಬರಿ ಹೇಳಬಹುದು, ನಾಟಕ ಹೇಳಬಹುದು, ಆದರೆ ಮಾತಿಲ್ಲದ ಚಿತ್ರ ಹೇಳಲಾರದು ಎಂಬುದೇ ಅಂದಿನ ವಿದ್ಯಾವಂತರ ಸಾಮಾನ್ಯ ಅಭಿಪ್ರಾಯ. ಈ ಅಭಿಪ್ರಾಯವನ್ನು ಸುಳ್ಳಾಗಿಸಿದವರಲ್ಲಿ ಶೋಸ್ಟ್ರೋಮ್ ಪ್ರಮುಖರು. ತಾನು ಮಾಡಿದ ತಪ್ಪಿಗೆ ಮನುಷ್ಯ ಹೇಗೆ ಉತ್ತರಿಸಬೇಕು ಎಂಬ ಒಂದೇ ಪ್ರಶ್ನೆ ಅವರ ಮುಖ್ಯ ಚಿತ್ರಗಳೆಲ್ಲದರಲ್ಲೂ ಬೇರೆ ಬೇರೆ ರೂಪದಲ್ಲಿ ಎದುರಾಗುತ್ತದೆ. ಸಮುದ್ರ, ಹಿಮ, ಗಾಳಿ ಮತ್ತು ಕ್ಯಾಮೆರಾದ ತಂತ್ರಗಳು ಆ ಪ್ರಶ್ನೆಯನ್ನು ಕಣ್ಣಿಗೆ ಕಾಣಿಸುವ ಸಾಧನಗಳಾದವು.

ರಂಗಭೂಮಿಯಿಂದ ಸ್ಟುಡಿಯೋಗೆ

ಶೋಸ್ಟ್ರೋಮ್ ಜನಿಸಿದ್ದು 1879ರ ಸೆಪ್ಟೆಂಬರ್ 20ರಂದು, ನಾರ್ವೆಯ ಗಡಿಗೆ ಹೊಂದಿಕೊಂಡಿರುವ ವರ್ಮ್‌ಲ್ಯಾಂಡ್ ಪ್ರಾಂತ್ಯದ ಸಿಲ್‌ಬೋಡಾಲ್ ಎಂಬಲ್ಲಿ. ಅವರು ಹಸುಗೂಸಾಗಿದ್ದಾಗಲೇ ಕುಟುಂಬ ಅಮೆರಿಕೆಗೆ ವಲಸೆ ಹೋಗಿ ನ್ಯೂಯಾರ್ಕ್‌ನ ಬ್ರೂಕ್ಲಿನ್‌ನಲ್ಲಿ ನೆಲೆಸಿತು. ಏಳನೆಯ ವಯಸ್ಸಿನಲ್ಲಿ ತಾಯಿಯನ್ನು ಕಳೆದುಕೊಂಡ ಬಾಲಕ, ಹದಿಹರೆಯಕ್ಕೆ ಬರುತ್ತಿದ್ದಂತೆ ಸ್ವೀಡನ್ನಿಗೆ ಹಿಂದಿರುಗಿದ. ತಾಯಿ ಇಲ್ಲದ ಮಕ್ಕಳು, ಚದುರಿಹೋದ ಸಂಸಾರಗಳು ಮುಂದೆ ಅವರ ಚಿತ್ರಗಳಲ್ಲಿ ಮತ್ತೆ ಮತ್ತೆ ಕಾಣಿಸಿಕೊಂಡವು. ಎಳವೆಯಲ್ಲೇ ಸಂಚಾರಿ ನಾಟಕ ತಂಡವನ್ನು ಸೇರಿದ ಶೋಸ್ಟ್ರೋಮ್, ಸ್ವೀಡನ್ ಮತ್ತು ಫಿನ್ಲೆಂಡ್‌ಗಳ ಊರೂರು ಸುತ್ತಿ ನಟರಾಗಿ, ರಂಗ ನಿರ್ದೇಶಕರಾಗಿ ಹೆಸರು ಗಳಿಸಿದರು.

ಅವರನ್ನು ಸಿನಿಮಾಕ್ಕೆ ಕರೆತಂದವರು ಚಾರ್ಲ್ಸ್ ಮ್ಯಾಗ್ನುಸನ್. 1907ರಲ್ಲಿ ಸ್ಥಾಪನೆಯಾದ ಸ್ವೆನ್ಸ್ಕ ಬಯೋಗ್ರಾಫ್‌ಟೇಟರ್ನ್ ಎಂಬ ಸಂಸ್ಥೆಯ ಮುಖ್ಯಸ್ಥರಾಗಿದ್ದ ಮ್ಯಾಗ್ನುಸನ್, ಹಿಂದೆ ಸ್ವತಃ ಛಾಯಾಗ್ರಾಹಕರಾಗಿದ್ದವರು. ಸ್ಟಾಕ್‌ಹೋಮ್ ಸಮೀಪದ ಲಿಡಿಂಗೋ ದ್ವೀಪದಲ್ಲಿ ಸಂಸ್ಥೆಗೆ ಹೊಸ ಸ್ಟುಡಿಯೋ ನಿರ್ಮಿಸಿದ ಅವರು, 1912ರಲ್ಲಿ ಇಬ್ಬರು ರಂಗಕರ್ಮಿಗಳನ್ನು ನಿರ್ದೇಶಕರನ್ನಾಗಿ ನೇಮಿಸಿಕೊಂಡರು. ಒಬ್ಬರು ಶೋಸ್ಟ್ರೋಮ್, ಇನ್ನೊಬ್ಬರು ಹೆಲ್ಸಿಂಕಿಯಲ್ಲಿ ಜನಿಸಿದ ಮೌರಿಟ್ಜ್ ಸ್ಟಿಲ್ಲರ್. ಪ್ರತಿಭಾವಂತರಿಗೆ ಕೆಲಸ ಒಪ್ಪಿಸಿ, ಬಳಿಕ ಅವರ ಕೆಲಸದಲ್ಲಿ ಕೈಹಾಕದಿರುವುದು ಮ್ಯಾಗ್ನುಸನ್ ಅವರ ಕ್ರಮವಾಗಿತ್ತು. ಸ್ವೀಡಿಷ್ ಚಿತ್ರರಂಗದ ಸುವರ್ಣಯುಗ ಎಂದು ಇತಿಹಾಸಕಾರರು ಕರೆಯುವ ಅವಧಿಗೆ ಈ ಮೂವರೇ ಆಧಾರಸ್ತಂಭಗಳು. ಛಾಯಾಗ್ರಾಹಕ ಯೂಲಿಯುಸ್ ಯೆನ್‌ಜೋನ್ ಇವರ ಜತೆ ಸೇರಿದ ನಾಲ್ಕನೆಯವರು.

ಆರಂಭ ಮಾತ್ರ ಸುಗಮವಾಗಿರಲಿಲ್ಲ. ಸ್ಟಿಲ್ಲರ್ ಬರೆದ ಚಿತ್ರಕಥೆಯನ್ನಾಧರಿಸಿ ಶೋಸ್ಟ್ರೋಮ್ 1912ರಲ್ಲಿ ನಿರ್ದೇಶಿಸಿದ 'ತೋಟಗಾರ' ಚಿತ್ರವನ್ನು ಸ್ವೀಡನ್ನಿನ ಸೆನ್ಸಾರ್ ಮಂಡಳಿ ನಿಷೇಧಿಸಿತು. ಮಂಡಳಿ ಕಾರ್ಯಾರಂಭ ಮಾಡಿದ್ದು ಅದರ ಹಿಂದಿನ ವರ್ಷವಷ್ಟೇ. ಪ್ರಬಲನಾದ ಯಜಮಾನನ ದೌರ್ಜನ್ಯಕ್ಕೆ ಬಲಿಯಾಗುವ ಬಡ ಹುಡುಗಿಯೊಬ್ಬಳ ಕಥೆ ಅದು. ಯಜಮಾನನ ಪಾತ್ರದಲ್ಲಿ ನಟಿಸಿದವರು ಸ್ವತಃ ಶೋಸ್ಟ್ರೋಮ್. ಬಹುಕಾಲ ಕಳೆದುಹೋಗಿತ್ತೆಂದೇ ಭಾವಿಸಲಾಗಿದ್ದ ಈ ಚಿತ್ರದ ಪ್ರತಿ ಹಲವು ದಶಕಗಳ ನಂತರ ಅಮೆರಿಕದಲ್ಲಿ ಪತ್ತೆಯಾಯಿತು.

ಕಾನೂನಿನ ಚರ್ಚೆಗೆ ಕಾರಣವಾದ ಚಿತ್ರ

1913ರಲ್ಲಿ ತೆರೆಕಂಡ 'ಇಂಗೆಬೋರ್ಗ್ ಹೋಲ್ಮ್' ಶೋಸ್ಟ್ರೋಮ್ ಅವರನ್ನು ಗಂಭೀರ ನಿರ್ದೇಶಕರ ಸಾಲಿಗೆ ಸೇರಿಸಿತು. ನೀಲ್ಸ್ ಕ್ರೂಕ್ ಅವರ ನಾಟಕವನ್ನು ಆಧರಿಸಿದ ಈ ಚಿತ್ರದ ಕಥೆ ಸರಳ. ಹೊಸದಾಗಿ ಅಂಗಡಿ ತೆರೆದ ಗಂಡ ಕ್ಷಯರೋಗಕ್ಕೆ ತುತ್ತಾಗಿ ಸಾಯುತ್ತಾನೆ. ಸಾಲದ ಹೊರೆ ಹೊತ್ತ ವಿಧವೆ ಇಂಗೆಬೋರ್ಗ್, ಮೂವರು ಮಕ್ಕಳೊಡನೆ ಸರ್ಕಾರಿ ನಿರ್ಗತಿಕರ ಆಶ್ರಯಾಲಯದ ಬಾಗಿಲು ತಟ್ಟಬೇಕಾಗುತ್ತದೆ. ಅಲ್ಲಿನ ನಿಯಮದಂತೆ ತಾಯಿ ಒಂದೆಡೆ, ಮಕ್ಕಳು ಬೇರೆ ಬೇರೆ ಸಾಕುಮನೆಗಳಲ್ಲಿ. ಮಗುವೊಂದಕ್ಕೆ ಕಾಯಿಲೆಯೆಂದು ತಿಳಿದು ತಪ್ಪಿಸಿಕೊಂಡು ಓಡುವ ಆಕೆಯನ್ನು ಪೊಲೀಸರು ಬೆನ್ನಟ್ಟುತ್ತಾರೆ. ಕೊನೆಗೆ ಆಕೆಯ ಕಿರಿಯ ಮಗು ತಾಯಿಯನ್ನೇ ಗುರುತಿಸದೆ ಮುಖ ತಿರುಗಿಸಿದಾಗ ಇಂಗೆಬೋರ್ಗ್‌ಳ ಬುದ್ಧಿ ಕದಡುತ್ತದೆ. ಹದಿನೈದು ವರ್ಷಗಳ ಬಳಿಕ ನಾವಿಕನಾಗಿ ಮರಳುವ ಹಿರಿಯ ಮಗ ತಾಯಿಯ ಹಳೆಯ ಭಾವಚಿತ್ರವನ್ನು ತೋರಿಸುವವರೆಗೂ ಆಕೆ ಚೇತರಿಸಿಕೊಳ್ಳುವುದಿಲ್ಲ.

ಇಲ್ಲಿ ಖಳನಾಯಕನೇ ಇಲ್ಲ ಎಂಬುದು ಗಮನಾರ್ಹ. ಅಧಿಕಾರಿಗಳು ಕ್ರೂರಿಗಳಲ್ಲ, ಅವರು ನಿಯಮ ಪಾಲಿಸುವವರು ಮಾತ್ರ. ಹಾಗಾಗಿ ಪ್ರೇಕ್ಷಕನ ಸಿಟ್ಟು ಒಬ್ಬ ವ್ಯಕ್ತಿಯ ಮೇಲೆ ನಿಲ್ಲದೆ ವ್ಯವಸ್ಥೆಯತ್ತ ತಿರುಗುತ್ತದೆ. ಕ್ಯಾಮೆರಾವನ್ನು ಒಂದೆಡೆ ನಿಲ್ಲಿಸಿ, ದೀರ್ಘವಾದ ದೃಶ್ಯಗಳಲ್ಲಿ ನಟರನ್ನು ಮುಂದಕ್ಕೂ ಹಿಂದಕ್ಕೂ ಚಲಿಸಗೊಟ್ಟು, ಮಕ್ಕಳು ಒಬ್ಬೊಬ್ಬರಾಗಿ ತಾಯಿಯಿಂದ ದೂರವಾಗುವುದನ್ನು ಶೋಸ್ಟ್ರೋಮ್ ಯಾವ ಆತುರವೂ ಇಲ್ಲದೆ ತೋರಿಸಿದರು. ಕೈಬೀಸಿ ಎದೆ ಬಡಿದುಕೊಳ್ಳುವ ಅಂದಿನ ಅತಿರೇಕದ ಅಭಿನಯಕ್ಕೆ ಬದಲಾಗಿ ನಟಿ ಹಿಲ್ಡಾ ಬೋರ್ಗ್‌ಸ್ಟ್ರೋಮ್ ತೋರಿದ ಸಂಯಮ ಇಂದಿಗೂ ಬೆರಗು ಹುಟ್ಟಿಸುತ್ತದೆ.

ಬಡವರ ಆರೈಕೆಯ ವ್ಯವಸ್ಥೆಯ ಬಗ್ಗೆ ಸ್ವೀಡನ್ನಿನ ಪತ್ರಿಕೆಗಳಲ್ಲಿ ಈ ಚಿತ್ರ ತೀವ್ರ ಚರ್ಚೆಯನ್ನೆಬ್ಬಿಸಿತು. ಕಡಿಮೆ ಖರ್ಚಿಗೆ ಸಾಕಲು ಒಪ್ಪಿದವರಿಗೆ ನಿರ್ಗತಿಕರನ್ನು ಹರಾಜಿನ ಮೂಲಕ ಒಪ್ಪಿಸುವ ಪದ್ಧತಿ ಆ ದೇಶದಲ್ಲಿ ಇನ್ನೂ ಜೀವಂತವಾಗಿತ್ತು. 1918ರಲ್ಲಿ ಅಂಗೀಕಾರವಾದ ಹೊಸ ಬಡವರ ಪರಿಹಾರ ಕಾನೂನು ಆ ಪದ್ಧತಿಯನ್ನು ರದ್ದುಪಡಿಸಿತು. ಸುಧಾರಣೆಯ ಕೂಗು ಚಿತ್ರಕ್ಕಿಂತ ಹಳೆಯದು, ಕಾನೂನನ್ನು ಒಂದು ಸಿನಿಮಾವೇ ಬದಲಿಸಿತು ಎನ್ನಲಾಗದು. ಆದರೆ ಅಂಕಿಅಂಶಗಳ ರೂಪದಲ್ಲಿದ್ದ ಬಡತನಕ್ಕೆ ಒಂದು ಮುಖವನ್ನು ಕೊಟ್ಟ ಶ್ರೇಯ ಈ ಚಿತ್ರಕ್ಕೆ ಸಲ್ಲುತ್ತದೆ.

ಕಡಲು, ಹಿಮ ಮತ್ತು ಮನಸ್ಸು

ಶೋಸ್ಟ್ರೋಮ್ ವೃತ್ತಿಜೀವನದ ಎರಡನೆಯ ತಿರುವು 1917ರ 'ಟೆರ್ಯೆ ವೀಗೆನ್'. ನಾರ್ವೆಯ ಪ್ರಖ್ಯಾತ ಸಾಹಿತಿ ಹೆನ್ರಿಕ್ ಇಬ್ಸೆನ್ ಅವರ ಕಥನಕಾವ್ಯ ಇದರ ಮೂಲ. ನೆಪೋಲಿಯನ್ ಯುದ್ಧಗಳ ಕಾಲದಲ್ಲಿ ಇಂಗ್ಲಿಷ್ ನೌಕಾಪಡೆ ನಾರ್ವೆಯ ಕರಾವಳಿಗೆ ದಿಗ್ಬಂಧನ ಹಾಕಿರುತ್ತದೆ. ಹಸಿದ ಹೆಂಡತಿ ಮತ್ತು ಮಗುವಿಗೆ ಧಾನ್ಯ ತರಲು ಪುಟ್ಟ ದೋಣಿಯಲ್ಲಿ ಡೆನ್ಮಾರ್ಕ್‌ಗೆ ಹುಟ್ಟು ಹಾಕುವ ಬೆಸ್ತ ಟೆರ್ಯೆ, ಮರಳುವಾಗ ಸೆರೆ ಸಿಗುತ್ತಾನೆ. ವರ್ಷಗಳ ಸೆರೆವಾಸ ಮುಗಿಸಿ ಬಂದಾಗ ಮನೆಯವರು ತೀರಿಹೋಗಿರುತ್ತಾರೆ. ತನ್ನನ್ನು ಸೆರೆಹಿಡಿದ ಅದೇ ಇಂಗ್ಲಿಷ್ ಕಪ್ತಾನ ಮುಂದೊಂದು ದಿನ ಬಿರುಗಾಳಿಯಲ್ಲಿ ಹೆಂಡತಿ ಮಗುವಿನೊಡನೆ ಟೆರ್ಯೆಯ ಕೈಗೆ ಸಿಕ್ಕಿಬೀಳುತ್ತಾನೆ. ಸೇಡಿಗೆ ಸಿದ್ಧನಾದ ಮುದುಕ ಮಗುವಿನ ಮುಖ ನೋಡಿ ಕರಗುತ್ತಾನೆ.

ಟೆರ್ಯೆಯಾಗಿ ನಟಿಸಿದ ಶೋಸ್ಟ್ರೋಮ್, ಚಿತ್ರದ ಬಹುಭಾಗವನ್ನು ಸ್ಟುಡಿಯೋದ ಹೊರಗೆ, ನಿಜವಾದ ಸಮುದ್ರದಲ್ಲಿ ಚಿತ್ರೀಕರಿಸಿದರು. ನಾಯಕನ ಒಡಲೊಳಗಿನ ಕುದಿತಕ್ಕೂ ಬಂಡೆಗೆ ಅಪ್ಪಳಿಸುವ ಅಲೆಗೂ ಇಲ್ಲಿ ವ್ಯತ್ಯಾಸವೇ ಉಳಿಯುವುದಿಲ್ಲ. ಅಲ್ಲಿಯವರೆಗಿನ ಸ್ವೀಡಿಷ್ ಚಿತ್ರಗಳಲ್ಲೇ ಅತಿ ಹೆಚ್ಚು ವೆಚ್ಚದ್ದಾಗಿದ್ದ ಈ ಪ್ರಯೋಗ ಗೆದ್ದದ್ದರಿಂದ ಮ್ಯಾಗ್ನುಸನ್ ಸಂಸ್ಥೆಯ ನೀತಿಯನ್ನೇ ಬದಲಿಸಿದರು. ವರ್ಷಕ್ಕೆ ಹತ್ತಾರು ಅಗ್ಗದ ಚಿತ್ರಗಳಿಗೆ ಬದಲಾಗಿ, ಶ್ರೇಷ್ಠ ಸಾಹಿತ್ಯವನ್ನಾಧರಿಸಿದ ಕೆಲವೇ ಚಿತ್ರಗಳನ್ನು ಹೆಚ್ಚು ಕಾಲ, ಹೆಚ್ಚು ಹಣ ತೊಡಗಿಸಿ ತಯಾರಿಸುವುದು ಹೊಸ ನೀತಿ. ಸುವರ್ಣಯುಗದ ಗುಟ್ಟು ಈ ನಿರ್ಧಾರದಲ್ಲಿತ್ತು.

1918ರ ಮೊದಲ ದಿನ ಬಿಡುಗಡೆಯಾದ 'ಬೆರ್ಗ್-ಐವಿಂಡ್ ಮತ್ತು ಅವನ ಹೆಂಡತಿ' ಇದೇ ಹಾದಿಯಲ್ಲಿ ಇನ್ನೂ ಮುಂದೆ ಸಾಗಿತು. ಐಸ್‌ಲೆಂಡಿನ ನಾಟಕಕಾರ ಯೋಹಾನ್ ಸಿಗುರ್ಯೋನ್ಸನ್ ಅವರ ಕೃತಿಯನ್ನಾಧರಿಸಿದ ಈ ಚಿತ್ರದಲ್ಲಿ, ಹಸಿವಿನಿಂದ ಕುರಿ ಕದ್ದು ತಲೆಮರೆಸಿಕೊಂಡವನೊಬ್ಬ ಹಾಗೂ ಅವನಿಗಾಗಿ ಆಸ್ತಿಯನ್ನೆಲ್ಲ ತೊರೆದು ಬೆಟ್ಟ ಸೇರುವ ವಿಧವೆ ಹಲ್ಲಾಳ ಬಾಳು ಚಿತ್ರಿತವಾಗಿದೆ. ಬೇಸಿಗೆಯ ಬೆಟ್ಟ ಅವರಿಗೆ ಸ್ವರ್ಗವಾದರೆ, ಮುಪ್ಪಿನಲ್ಲಿ ಬರುವ ಹಿಮ ಅವರನ್ನು ನುಂಗುತ್ತದೆ. ಹಲ್ಲಾಳ ಪಾತ್ರ ವಹಿಸಿದ ಎಡಿತ್ ಎರಾಸ್ಟೋಫ್ ಮುಂದೆ ಶೋಸ್ಟ್ರೋಮ್ ಅವರ ಬಾಳಸಂಗಾತಿಯಾದರು. ಫ್ರಾನ್ಸ್‌ನ ವಿಮರ್ಶಕರು ಈ ಚಿತ್ರವನ್ನು ಮನಸಾರೆ ಕೊಂಡಾಡಿದರು.

ಮೃತ್ಯುವಿನ ಬಂಡಿ

ಶೋಸ್ಟ್ರೋಮ್ ಅವರಿಗೆ ಅತ್ಯಂತ ಒಗ್ಗಿದ ಲೇಖಕಿ ಸೆಲ್ಮಾ ಲಾಗರ್‌ಲಾಫ್. 1909ರಲ್ಲಿ ಸಾಹಿತ್ಯದ ನೊಬೆಲ್ ಪಡೆದ ಈಕೆ, ಆ ಗೌರವಕ್ಕೆ ಪಾತ್ರರಾದ ಮೊದಲ ಮಹಿಳೆ. ನಿರ್ದೇಶಕರಂತೆಯೇ ವರ್ಮ್‌ಲ್ಯಾಂಡ್ ಪ್ರಾಂತ್ಯದವರು. 1917ರಲ್ಲಿ ಆಕೆಯ ಕಥೆಯೊಂದನ್ನು ತೆರೆಗೆ ತಂದ ಶೋಸ್ಟ್ರೋಮ್, 1919ರಲ್ಲಿ 'ಇಂಗ್ಮಾರನ ಮಕ್ಕಳು' ಚಿತ್ರಕ್ಕೆ ತಾವೇ ಚಿತ್ರಕಥೆ ಬರೆದರು. ಹಸುಗೂಸನ್ನು ಕೊಂದು ಜೈಲು ಸೇರಿದ ಹೆಣ್ಣನ್ನು ಮರಳಿ ಮನೆಗೆ ಕರೆತರಬೇಕೇ ಎಂದು ತೊಳಲುವ ರೈತನ ಕಥೆಯದು. ಆತ ಉದ್ದನೆಯ ಏಣಿ ಹತ್ತಿ ಸ್ವರ್ಗಕ್ಕೇ ಹೋಗಿ ತನ್ನ ಪೂರ್ವಜರ ಸಲಹೆ ಕೇಳುವ ದೃಶ್ಯ, ಮನಸ್ಸಿನ ತೊಳಲಾಟವನ್ನು ಮಾತಿಲ್ಲದೆ ಹೇಳುವ ಅವರ ಜಾಣ್ಮೆಗೆ ನಿದರ್ಶನ.

ಈ ಜಾಣ್ಮೆ ತುತ್ತತುದಿ ಮುಟ್ಟಿದ್ದು 1921ರ ಹೊಸ ವರ್ಷದ ದಿನ ತೆರೆಕಂಡ 'ಕೋರ್‌ಕಾರ್ಲೆನ್' ಅಥವಾ 'ಮೃತ್ಯುವಿನ ಬಂಡಿ'ಯಲ್ಲಿ. ವರ್ಷದ ಕಡೆಯ ರಾತ್ರಿ, ಹನ್ನೆರಡರ ಗಂಟೆ ಬಾರಿಸುವ ಹೊತ್ತಿಗೆ ಸಾಯುವವನು ಮುಂದಿನ ಒಂದು ವರ್ಷ ಮೃತ್ಯುವಿನ ಬಂಡಿ ಹೊಡೆದು ಆತ್ಮಗಳನ್ನು ಒಯ್ಯಬೇಕು ಎಂಬ ಐತಿಹ್ಯ ಇದಕ್ಕೆ ಬುನಾದಿ. ಕುಡುಕ ಡೇವಿಡ್ ಹೋಲ್ಮ್ ಆ ರಾತ್ರಿ ಸ್ಮಶಾನದಲ್ಲಿ ಹೊಡೆದಾಟಕ್ಕೆ ಸಿಕ್ಕಿ ಬೀಳುತ್ತಾನೆ. ಬಂಡಿ ಬರುತ್ತದೆ. ಅದನ್ನು ಹೊಡೆಯುತ್ತಿರುವವನು, ಹಿಂದೊಮ್ಮೆ ತನಗೆ ಕುಡಿತ ಕಲಿಸಿದ ಗೆಳೆಯ. ತನ್ನಿಂದ ಹಾಳಾದ ಹೆಂಡತಿ ಮಕ್ಕಳನ್ನೂ, ತನ್ನ ಹರಿದ ಅಂಗಿ ಹೊಲಿದುಕೊಟ್ಟು ಅದರಿಂದಲೇ ಕ್ಷಯ ಅಂಟಿಸಿಕೊಂಡ ಸೇವಾಕರ್ತೆ ಸಿಸ್ಟರ್ ಎಡಿತ್‌ಳನ್ನೂ ಡೇವಿಡ್ ಈಗ ಮತ್ತೊಮ್ಮೆ ನೋಡಬೇಕಾಗುತ್ತದೆ.

ಡೇವಿಡ್‌ನ ಪಾತ್ರವನ್ನು ಶೋಸ್ಟ್ರೋಮ್ ಅವರೇ ವಹಿಸಿದ್ದಾರೆ. ಬಾಗಿಲ ಹಿಂದೆ ಅವಿತ ಸಂಸಾರವನ್ನು ಹಿಡಿಯಲು ಆತ ಕೊಡಲಿಯಿಂದ ಬಾಗಿಲು ಸೀಳುವ ದೃಶ್ಯ ಪ್ರಸಿದ್ಧ. ಸ್ಟಾನ್ಲಿ ಕ್ಯುಬ್ರಿಕ್ ಅವರ 1980ರ 'ದಿ ಶೈನಿಂಗ್' ಚಿತ್ರದ ಬಾಗಿಲು ಒಡೆಯುವ ದೃಶ್ಯವನ್ನು ವಿಮರ್ಶಕರು ಇದರೊಡನೆ ಹೋಲಿಸುತ್ತ ಬಂದಿದ್ದಾರೆ.

ತಂತ್ರದ ದೃಷ್ಟಿಯಿಂದ ಇದು ಸಾಹಸವೇ ಸರಿ. ಕಂಪ್ಯೂಟರ್ ಮಾತಿರಲಿ, ಪ್ರಯೋಗಾಲಯದಲ್ಲಿ ಎರಡು ಚಿತ್ರಗಳನ್ನು ಬೆರೆಸುವ ಸುಲಭ ಉಪಾಯವೂ ಆಗ ಇರಲಿಲ್ಲ. ದೃಶ್ಯವನ್ನು ಒಮ್ಮೆ ಚಿತ್ರೀಕರಿಸಿ, ಅದೇ ಫಿಲ್ಮನ್ನು ಹಿಂದಕ್ಕೆ ಸುತ್ತಿ, ಕಪ್ಪು ಹಿನ್ನೆಲೆಯಲ್ಲಿ ಪ್ರೇತದ ಪಾತ್ರಧಾರಿಯನ್ನು ನಿಲ್ಲಿಸಿ ಅದರ ಮೇಲೆಯೇ ಮತ್ತೊಮ್ಮೆ ಚಿತ್ರೀಕರಿಸಬೇಕು. ಕ್ಯಾಮೆರಾ ಕೈಯಿಂದ ತಿರುಗಿಸುವಂಥದ್ದು, ಆದ್ದರಿಂದ ಪ್ರತಿ ಬಾರಿಯೂ ವೇಗ ಒಂದೇ ಆಗಿರಬೇಕು. ನಟನ ಹೆಜ್ಜೆಯೂ ಅಳತೆ ತಪ್ಪಬಾರದು. ಯೆನ್‌ಜೋನ್ ಕೆಲವೆಡೆ ನಾಲ್ಕು ಪದರಗಳವರೆಗೆ ಹೀಗೆ ಚಿತ್ರಿಸಿದರು. ಪಾರದರ್ಶಕವಾದ ಬಂಡಿ ಸಮುದ್ರದ ಅಲೆಗಳ ಮೇಲೆ ಸಾಗಿ, ಮುಳುಗಿದವನ ಆತ್ಮವನ್ನು ಎತ್ತಿ ತರುವ ದೃಶ್ಯ ನೂರು ವರ್ಷಗಳ ಬಳಿಕವೂ ನಂಬುವಂತಿದೆ.

ಆದರೆ ಚಿತ್ರದ ಹಿರಿಮೆ ಇರುವುದು ತಂತ್ರದಲ್ಲಿ ಮಾತ್ರವಲ್ಲ. ಕಥೆಯೊಳಗೊಂದು ನೆನಪು, ಆ ನೆನಪಿನೊಳಗೆ ಮತ್ತೊಂದು ಎಂಬಂತೆ ಕಾಲವನ್ನು ಹಿಂದುಮುಂದಾಗಿಸುವ ಚಿತ್ರಕಥೆಯೂ ಶೋಸ್ಟ್ರೋಮ್ ಅವರದೇ. ಪಶ್ಚಾತ್ತಾಪ ಎಂದರೆ ಕಳೆದುದನ್ನು ಇನ್ನೊಬ್ಬರ ಕಣ್ಣಿನಿಂದ ನೋಡುವುದು ಎಂಬ ಅರ್ಥವನ್ನು ಈ ಹೆಣಿಗೆಯೇ ಹೊರಡಿಸುತ್ತದೆ.

ಹಾಲಿವುಡ್‌ನ ಗಾಳಿ

ಮೊದಲ ಮಹಾಯುದ್ಧದಲ್ಲಿ ತಟಸ್ಥವಾಗಿದ್ದ ಸ್ವೀಡನ್, ನೆರೆಯ ದೇಶಗಳ ಚಿತ್ರೋದ್ಯಮ ಸೊರಗಿದ್ದ ಹೊತ್ತಿನಲ್ಲಿ ವಿದೇಶಿ ಮಾರುಕಟ್ಟೆ ಗಳಿಸಿತ್ತು. ಯುದ್ಧ ಮುಗಿದ ಮೇಲೆ ಅಮೆರಿಕ ಹಾಗೂ ಜರ್ಮನಿಯ ಚಿತ್ರಗಳು ಮತ್ತೆ ಪ್ರವಾಹದಂತೆ ಹರಿದವು. 1919ರಲ್ಲಿ ಸಂಸ್ಥೆಗಳು ವಿಲೀನಗೊಂಡು ಸ್ವೆನ್ಸ್ಕ್ ಫಿಲ್ಮಿಂಡಸ್ಟ್ರಿ ರೂಪುಗೊಂಡರೂ ಪುಟ್ಟ ದೇಶದ ಉದ್ಯಮಕ್ಕೆ ಪೈಪೋಟಿ ಕಷ್ಟವಾಯಿತು. 1923ರಲ್ಲಿ ಗೋಲ್ಡ್‌ವಿನ್ ಸಂಸ್ಥೆಯ ಆಹ್ವಾನದ ಮೇರೆಗೆ ಶೋಸ್ಟ್ರೋಮ್ ಹಾಲಿವುಡ್‌ಗೆ ತೆರಳಿದರು. ಅಮೆರಿಕನ್ನರ ನಾಲಿಗೆಗೆ ಒಗ್ಗಲೆಂದು ಅವರ ಹೆಸರು 'ಸೀಸ್ಟ್ರೋಮ್' ಎಂದಾಯಿತು. ಎರಡು ವರ್ಷಗಳ ನಂತರ ಸ್ಟಿಲ್ಲರ್ ಕೂಡ ಗ್ರೇಟಾ ಗಾರ್ಬೊ ಎಂಬ ಯುವನಟಿಯೊಡನೆ ಅದೇ ದಾರಿ ಹಿಡಿದರು. ಸ್ವೀಡನ್ನಿನ ಸುವರ್ಣಯುಗ ಅಲ್ಲಿಗೆ ಮುಗಿಯಿತು.

1924ರಲ್ಲಿ ಹಲವು ಸಂಸ್ಥೆಗಳು ಕೂಡಿ ಮೆಟ್ರೋ ಗೋಲ್ಡ್‌ವಿನ್ ಮೇಯರ್ ಹುಟ್ಟಿಕೊಂಡಾಗ, ಆ ಹೆಸರಾಂತ ಸಂಸ್ಥೆ ಪೂರ್ಣವಾಗಿ ತಾನೇ ತಯಾರಿಸಿದ ಮೊದಲ ಚಿತ್ರ ಶೋಸ್ಟ್ರೋಮ್ ನಿರ್ದೇಶನದ 'ಹೀ ಹೂ ಗೆಟ್ಸ್ ಸ್ಲ್ಯಾಪ್ಡ್'. ಅವಮಾನಿತನಾದ ವಿಜ್ಞಾನಿಯೊಬ್ಬ ಸರ್ಕಸ್ ವಿದೂಷಕನಾಗಿ ಪ್ರತಿ ರಾತ್ರಿ ಕಪಾಳಕ್ಕೆ ಹೊಡೆಸಿಕೊಳ್ಳುವ ಈ ಕಥೆಯಲ್ಲಿ ಲಾನ್ ಚೇನಿ ನಾಯಕ. 1926ರಲ್ಲಿ ನೆಥಾನಿಯಲ್ ಹಾಥಾರ್ನ್ ಕಾದಂಬರಿಯನ್ನಾಧರಿಸಿದ 'ದಿ ಸ್ಕಾರ್ಲೆಟ್ ಲೆಟರ್' ತೆರೆಕಂಡಿತು. ನಾಯಕಿ ಲಿಲಿಯನ್ ಗಿಶ್.

ಗಿಶ್ ಮತ್ತು ಶೋಸ್ಟ್ರೋಮ್ ಮತ್ತೆ ಒಂದಾದ 'ದಿ ವಿಂಡ್' 1928ರ ಚಿತ್ರ. ಹಸಿರು ಬೀಡಿನಿಂದ ಟೆಕ್ಸಾಸ್‌ನ ಬಯಲಿಗೆ ಬರುವ ಲೆಟ್ಟಿ ಎಂಬ ಯುವತಿ, ಅಲ್ಲಿ ಎಡೆಬಿಡದೆ ಬೀಸುವ ಮರಳುಗಾಳಿಗೆ ಹೆದರಿ ಹೆದರಿ ಮನಸ್ಸಿನ ಹತೋಟಿ ಕಳೆದುಕೊಳ್ಳುತ್ತಾಳೆ. ತನ್ನ ಮೇಲೆ ಅತ್ಯಾಚಾರ ಎಸಗಿದವನನ್ನು ಕೊಂದು ಮರಳಿನಲ್ಲಿ ಹೂತರೆ, ಗಾಳಿ ಆ ಮರಳನ್ನು ಹಾರಿಸಿ ಹೆಣದ ಮುಖವನ್ನು ಹೊರತೋರಿಸುತ್ತದೆ. ಹೂತಿಟ್ಟದ್ದು ಹೂತಲ್ಲೇ ಉಳಿಯುವುದಿಲ್ಲ ಎಂಬ ಶೋಸ್ಟ್ರೋಮ್ ಅವರ ಜೀವಮಾನದ ವಸ್ತುವಿಗೆ ಇದಕ್ಕಿಂತ ನೇರವಾದ ಚಿತ್ರ ಇನ್ನೊಂದಿಲ್ಲ. ಮೊಹಾವಿ ಮರುಭೂಮಿಯ ಉರಿಬಿಸಿಲಿನಲ್ಲಿ, ವಿಮಾನದ ಪ್ರೊಪೆಲ್ಲರ್‌ಗಳಿಂದ ಮರಳು ಎರಚಿಸಿ ಇದನ್ನು ಚಿತ್ರೀಕರಿಸಲಾಯಿತು. ಮೂಲ ಕಾದಂಬರಿಯಲ್ಲಿ ನಾಯಕಿ ಹುಚ್ಚಿಯಾಗಿ ಬಿರುಗಾಳಿಗೆ ತನ್ನನ್ನು ಒಪ್ಪಿಸಿಕೊಂಡರೆ, ಚಿತ್ರದಲ್ಲಿ ಆಕೆ ಗಂಡನ ಪ್ರೀತಿಯಲ್ಲಿ ನೆಲೆ ಕಾಣುತ್ತಾಳೆ.

ಆದರೆ ಕಾಲ ಕೈಕೊಟ್ಟಿತು. ಹಿಂದಿನ ವರ್ಷವೇ 'ದಿ ಜಾಝ್ ಸಿಂಗರ್' ಬಂದು ಪ್ರೇಕ್ಷಕರಿಗೆ ಮಾತಿನ ರುಚಿ ಹತ್ತಿತ್ತು. ಇಂದು ಮೂಕಿ ಯುಗದ ಮೇರುಕೃತಿಗಳಲ್ಲಿ ಒಂದೆಂದು ಎಣಿಸಲ್ಪಡುವ 'ದಿ ವಿಂಡ್' ಗಲ್ಲಾಪೆಟ್ಟಿಗೆಯಲ್ಲಿ ಸೋತಿತು. 1930ರಲ್ಲಿ ಒಂದು ಟಾಕಿ ಚಿತ್ರ ನಿರ್ದೇಶಿಸಿದ ಶೋಸ್ಟ್ರೋಮ್ ಅದೇ ವರ್ಷ ಸ್ವದೇಶಕ್ಕೆ ಮರಳಿದರು. 1931ರಲ್ಲಿ ಸ್ವೀಡನ್ನಿನಲ್ಲೊಂದು, 1937ರಲ್ಲಿ ಇಂಗ್ಲೆಂಡಿನಲ್ಲೊಂದು ಚಿತ್ರ ನಿರ್ದೇಶಿಸಿದ ಬಳಿಕ ನಿರ್ದೇಶನದ ಕೆಲಸವನ್ನು ಮುಗಿಸಿ ಪೂರ್ಣವಾಗಿ ನಟನೆಗೆ ಮರಳಿದರು.

ಬೆಂಕಿಗೆ ಆಹುತಿಯಾದ ಪರಂಪರೆ

ಅಂದಿನ ಚಿತ್ರಗಳನ್ನು ಅಚ್ಚುಹಾಕುತ್ತಿದ್ದುದು ನೈಟ್ರೇಟ್ ಫಿಲ್ಮಿನ ಮೇಲೆ. ಅದು ಬಹುಬೇಗ ಹೊತ್ತಿಕೊಳ್ಳುವ ವಸ್ತು. 1941ರ ಸೆಪ್ಟೆಂಬರ್‌ನಲ್ಲಿ ಸ್ವೆನ್ಸ್ಕ್ ಫಿಲ್ಮಿಂಡಸ್ಟ್ರಿಯ ದಾಸ್ತಾನಿನಲ್ಲಿ ಸಂಭವಿಸಿದ ಸ್ಫೋಟ ಮತ್ತು ಬೆಂಕಿಯಲ್ಲಿ ಮೂಕಿ ಯುಗದ ಅಸಂಖ್ಯ ಮೂಲ ನೆಗೆಟಿವ್‌ಗಳು ಬೂದಿಯಾದವು. 1917ಕ್ಕೂ ಮುನ್ನ ಶೋಸ್ಟ್ರೋಮ್ ನಿರ್ದೇಶಿಸಿದ ಚಿತ್ರಗಳಲ್ಲಿ ಇಂದು ಉಳಿದಿರುವುದು ಬೆರಳೆಣಿಕೆಯಷ್ಟು. ಗಾರ್ಬೊ ನಟಿಸಿದ 1928ರ 'ದಿ ಡಿವೈನ್ ವುಮನ್' ಚಿತ್ರದ ಒಂಬತ್ತು ನಿಮಿಷಗಳಷ್ಟು ಭಾಗ ಮಾತ್ರ ರಷ್ಯಾದ ಸಂಗ್ರಹಾಲಯದಲ್ಲಿ ಸಿಕ್ಕಿತು. ಇಂದು ಅವರ ಹಿರಿಮೆಯನ್ನು ಅಳೆಯುವವರು ಈ ಅಳಿದುಳಿದ ಚೂರುಗಳಿಂದಲೇ ಅಳೆಯಬೇಕಾಗಿದೆ.

ಶಿಷ್ಯನ ಕ್ಯಾಮೆರಾ ಮುಂದೆ ಗುರು

1943ರಿಂದ ಕೆಲವು ವರ್ಷ ಶೋಸ್ಟ್ರೋಮ್ ಸ್ವೆನ್ಸ್ಕ್ ಫಿಲ್ಮಿಂಡಸ್ಟ್ರಿಯ ಕಲಾತ್ಮಕ ಸಲಹೆಗಾರರಾಗಿದ್ದರು. 1946ರಲ್ಲಿ ತೆರೆಕಂಡ ತಮ್ಮ ಮೊದಲ ಚಿತ್ರ 'ಕ್ರೈಸಿಸ್' ನಿರ್ದೇಶಿಸುವಾಗ ಎಲ್ಲರೊಡನೆ ಜಗಳವಾಡುತ್ತಿದ್ದ ಯುವಕ ಬರ್ಗ್‌ಮನ್‌ಗೆ ಬುದ್ಧಿ ಹೇಳಿದವರು ಅವರೇ. ದೃಶ್ಯಗಳನ್ನು ಜಟಿಲಗೊಳಿಸಬೇಡ, ನಟರನ್ನು ಎದುರಿನಿಂದ ಚಿತ್ರಿಸು, ಎಲ್ಲವನ್ನೂ ಮುಖ್ಯವಾಗಿಸಲು ಹೋಗಬೇಡ ಎಂಬ ಅವರ ಸಲಹೆಗಳನ್ನು ಬರ್ಗ್‌ಮನ್ ತಮ್ಮ ಬರಹಗಳಲ್ಲಿ ಕೃತಜ್ಞತೆಯಿಂದ ಸ್ಮರಿಸಿದ್ದಾರೆ. ಹುಡುಗನಾಗಿದ್ದಾಗ ನೋಡಿದ 'ಮೃತ್ಯುವಿನ ಬಂಡಿ'ಯನ್ನು ಬರ್ಗ್‌ಮನ್ ಜೀವನದುದ್ದಕ್ಕೂ ಮತ್ತೆ ಮತ್ತೆ ನೋಡುತ್ತಿದ್ದರು.

1957ರ 'ವೈಲ್ಡ್ ಸ್ಟ್ರಾಬೆರೀಸ್' ಚಿತ್ರದಲ್ಲಿ ಆ ಋಣ ಸಂದಾಯವಾಯಿತು. ಗೌರವ ಪದವಿ ಸ್ವೀಕರಿಸಲು ಸ್ಟಾಕ್‌ಹೋಮ್‌ನಿಂದ ಲುಂಡ್ ನಗರಕ್ಕೆ ಕಾರಿನಲ್ಲಿ ಹೊರಡುವ ವೃದ್ಧ ಪ್ರಾಧ್ಯಾಪಕ ಇಸಾಕ್ ಬೋರ್ಗ್, ದಾರಿಯುದ್ದಕ್ಕೂ ಕನಸು ನೆನಪುಗಳ ನಡುವೆ ತನ್ನ ಬಾಳಿನ ನಿಷ್ಕರುಣೆಯನ್ನು ಎದುರಿಸುತ್ತಾನೆ. ಆರಂಭದ ದುಃಸ್ವಪ್ನದಲ್ಲಿ ಸಾರಥಿಯಿಲ್ಲದ ಶವದ ಬಂಡಿಯೊಂದು ನಿರ್ಜನ ಬೀದಿಯಲ್ಲಿ ಬರುತ್ತದೆ. ಹಳೆಯ ಬಂಡಿಯ ನೆನಪು ಅದರಲ್ಲಿ ಸ್ಪಷ್ಟ. ಇಸಾಕ್‌ನ ಪಾತ್ರ ವಹಿಸಿದ ಶೋಸ್ಟ್ರೋಮ್‌ಗೆ ಆಗ 77 ವರ್ಷ. ದೇಹ ಬಳಲಿತ್ತು, ಸಂಭಾಷಣೆ ಮರೆತುಹೋಗುತ್ತಿತ್ತು. ಸಂಜೆ ಹೊತ್ತಿಗೆ ಮನೆಗೆ ಮರಳಿ ವಿಸ್ಕಿ ಸೇವಿಸಲು ಬಿಡುಗಡೆ ಸಿಕ್ಕರೆ ಮಾತ್ರ ಹಿರಿಯರು ಪ್ರಸನ್ನರಾಗಿರುತ್ತಿದ್ದರು. ಆದರೂ ಚಿತ್ರದ ಕೊನೆಯಲ್ಲಿ, ದೂರದ ದಡದಲ್ಲಿ ತಂದೆತಾಯಿಯರನ್ನು ಕಂಡು ಆ ಮುಖದಲ್ಲಿ ಹರಡುವ ಶಾಂತಿ ವಿಶ್ವ ಸಿನಿಮಾದ ಮರೆಯಲಾಗದ ಕ್ಷಣಗಳಲ್ಲೊಂದು. 1958ರಲ್ಲಿ ಬರ್ಲಿನ್ ಚಿತ್ರೋತ್ಸವದ ಸ್ವರ್ಣ ಕರಡಿ ಪ್ರಶಸ್ತಿ ಈ ಚಿತ್ರಕ್ಕೆ ಸಂದಿತು.

ಶೋಸ್ಟ್ರೋಮ್ 1960ರ ಜನವರಿ 3ರಂದು ಸ್ಟಾಕ್‌ಹೋಮ್‌ನಲ್ಲಿ ನಿಧನರಾದರು. ಮಕ್ಕಳನ್ನು ಕಳೆದುಕೊಂಡ ಇಂಗೆಬೋರ್ಗ್, ಸೇಡು ಬಿಟ್ಟ ಟೆರ್ಯೆ, ಸ್ಮಶಾನದಲ್ಲಿ ಕಣ್ತೆರೆದ ಡೇವಿಡ್, ಮರಳಿನ ಮುಂದೆ ನಿಂತ ಲೆಟ್ಟಿ, ಕಡೆಗೆ ಇಸಾಕ್ ಬೋರ್ಗ್: ಈ ಪಾತ್ರಗಳ ನಡುವೆ ನಲವತ್ತನಾಲ್ಕು ವರ್ಷಗಳ ಅಂತರವಿದೆ. ಮೂಕಿ ಹೋಗಿ ಟಾಕಿ ಬಂತು, ನಿರ್ದೇಶಕ ನಟನಾದ, ಶಿಷ್ಯ ಗುರುವನ್ನು ನಿರ್ದೇಶಿಸಿದ. ಕಳೆದುದನ್ನು ಎದುರಿಸದೆ ಮನುಷ್ಯನಿಗೆ ಬಿಡುಗಡೆಯಿಲ್ಲ ಎಂಬ ಮಾತು ಮಾತ್ರ ಬದಲಾಗಲಿಲ್ಲ. ಅದನ್ನು ಒಂದು ಶಬ್ದವೂ ಇಲ್ಲದೆ ಹೇಳಬಹುದೆಂದು ಸಿನಿಮಾಕ್ಕೆ ಕಲಿಸಿದವರ ಮೊದಲ ಸಾಲಿನಲ್ಲಿ ಅವರ ಹೆಸರಿದೆ.